ಮಳೆ, ಲೋಕವಾರ್ತೆ, ತಾರೀಖು: ಕೆಲಸಗಾರನಿಗೆ ಇವೇಕೆ?

(ಸಂಘದ ವಾಚನಾಲಯದಲ್ಲಿ ಮಾಡಿದ ಭಾಷಣ)



ಈ ವಾಚನಾಲಯಕ್ಕೆ ಬರುವ ನಮ್ಮವರು ಪತ್ರಿಕೆಯನ್ನು ಹೇಗೆ ಓದುತ್ತಾರೆಂಬುದನ್ನು ನಾವು ಬಹಳ ದಿನದಿಂದ ನೋಡುತ್ತಾ ಬಂದಿದ್ದೇವೆ. ಮೊದಲು ಊರಿನ ಸುದ್ದಿ. ಆಮೇಲೆ ಸಿನಿಮಾ, ಆಟ. ಪಗಾರದ ಮಾತು ಎಲ್ಲಾದರೂ ಇದ್ದರೆ ಅದು. ಮೂರು ಮೂಲೆಗಳನ್ನು ಮಾತ್ರ ಯಾರೂ ಮುಟ್ಟುವುದಿಲ್ಲ. ಒಂದು, ಇಂದಿನ ಹವೆ ಹೇಗಿದೆ, ಎಲ್ಲಿ ಎಷ್ಟು ಮಳೆಯಾಯಿತು ಎಂಬ ಮೂಲೆ. ಎರಡು, ಲೋಕವಾರ್ತೆ. ಮೂರು, ಚರಿತ್ರೆಯಲ್ಲಿ ಈ ದಿನ ಏನಾಯಿತು ಎಂಬ ಪುಟ್ಟ ಚೌಕ. "ಅದು ಓದಿದವರಿಗೆ, ದೊಡ್ಡವರಿಗೆ, ನಮಗೇಕೆ?" ಎಂದು ಪುಟ ಮಗುಚುತ್ತೇವೆ.

ನಾವು ಮಿಡ್ಲ್ ಸ್ಕೂಲು ದಾಟಿದವರಲ್ಲ. ಲೋಟ ತೊಳೆಯುವುದರಿಂದ ಸುರುಮಾಡಿ, ಟೇಬಲು ಒರೆಸಿ, ಸಪ್ಲೈ ಮಾಡಿ, ಭಟ್ಟಿಯ ಮುಂದೆ ನಿಂತು ಈ ಸಂಘದ ಕೆಲಸಕ್ಕೆ ಬಂದವರು. ಪಂಡಿತರ ಭಾಷಣ ಮಾಡುವ ಯೋಗ್ಯತೆ ನಮಗಿಲ್ಲ. ಆದರೂ ಇವತ್ತು ಈ ಮೂರು ಮೂಲೆಗಳ ಬಗ್ಗೆಯೇ ನಾಲ್ಕು ಮಾತು ಹೇಳಬೇಕೆಂದು ನಿಂತಿದ್ದೇವೆ. ಯಾಕೆಂದರೆ ಈ ಮೂರೂ ಬೇರೆ ಬೇರೆ ಅಲ್ಲ, ಒಂದೇ ಕಥೆಯ ಮೂರು ತುಂಡು. ಆ ಕಥೆಯ ನಡುವೆ ನಿಂತವನು ಕೂಲಿಕಾರ.

ಮೊದಲು ದೂರದ ದೇಶದಿಂದಲೇ ಹೊರಡೋಣ. ಜುಲೈ 14 ಫ್ರಾನ್ಸಿನ ರಾಷ್ಟ್ರೀಯ ಹಬ್ಬ. 1789ರ ಆ ದಿನ ಪ್ಯಾರಿಸಿನ ಜನ ಬಾಸ್ತಿಲ್ ಎಂಬ ಸೆರೆಮನೆಯ ಮೇಲೆ ಬಿದ್ದು ಅದನ್ನು ಹಿಡಿದರು. ಇಷ್ಟು ಪಾಠದ ಪುಸ್ತಕದಲ್ಲಿ ಇರುತ್ತದೆ. ಆದರೆ ಅದಕ್ಕೆ ಸರಿಯಾಗಿ ಒಂದು ವರ್ಷಕ್ಕೆ ಒಂದು ದಿನ ಹಿಂದೆ, 1788ರ ಜುಲೈ 13ರಂದು, ಆ ದೇಶದಲ್ಲಿ ಭಯಂಕರ ಆಲಿಕಲ್ಲಿನ ಮಳೆ ಬಿತ್ತು. ಕೊಯ್ಲಿಗೆ ನಿಂತ ಗೋಧಿ ನೆಲ ಹಿಡಿಯಿತು. ಅದರ ಹಿಂದೆಯೇ ಬಂದದ್ದು ಕಡುಚಳಿ. ನದಿಗಳು ಹೆಪ್ಪುಗಟ್ಟಿದವು, ಹಿಟ್ಟಿನ ಗಿರಣಿಗಳು ನಿಂತವು. ಬ್ರೆಡ್ಡಿನ ಬೆಲೆ ಏರುತ್ತಾ ಹೋಗಿ, 1789ರ ಜುಲೈ ಹೊತ್ತಿಗೆ ಕೂಲಿಯವನ ದುಡಿಮೆಯ ಬಹುಪಾಲು ಬ್ರೆಡ್ಡಿಗೇ ಹೋಗುತ್ತಿತ್ತು. ಅಕ್ಟೋಬರ್ 5ರಂದು ಪ್ಯಾರಿಸಿನ ಪೇಟೆಯ ಹೆಂಗಸರು "ಬ್ರೆಡ್ಡು ಕೊಡಿ" ಎಂದು ಮಳೆಯಲ್ಲಿ ನೆನೆಯುತ್ತಾ ರಾಜನ ಅರಮನೆಯವರೆಗೆ ನಡೆದುಹೋದರು.

ಆಲಿಕಲ್ಲು ರಾಜನನ್ನು ಇಳಿಸಿತೆಂದು ನಾವು ಹೇಳುವುದಿಲ್ಲ. ಸಾಲ, ತೆರಿಗೆ, ಜಮೀನುದಾರರ ದರ್ಪ, ಇವು ಮೊದಲೇ ಇದ್ದವು. ಆಲಿಕಲ್ಲು ಅರಮನೆಯ ಮೇಲೂ ಬಿದ್ದಿರಬಹುದು. ಅಲ್ಲಿ ಹಸಿವು ಮಾತ್ರ ಹುಟ್ಟಲಿಲ್ಲ. ಹವೆ ಕೆಟ್ಟಾಗ ಯಾರ ಮನೆಯ ಒಲೆ ಮೊದಲು ಆರುತ್ತದೆ ಎಂಬುದನ್ನು ಹವೆ ತೀರ್ಮಾನಿಸುವುದಿಲ್ಲ, ಮನುಷ್ಯರು ಮಾಡಿಟ್ಟ ವ್ಯವಸ್ಥೆ ತೀರ್ಮಾನಿಸುತ್ತದೆ. ಈ ಮಾತನ್ನು ದಯವಿಟ್ಟು ನೆನಪಿನಲ್ಲಿಡಿ. ನಮ್ಮ ಇವತ್ತಿನ ಮಾತೆಲ್ಲಾ ಇದರ ಸುತ್ತಲೇ ತಿರುಗುತ್ತದೆ.

ಇನ್ನೊಂದು ಸಂಗತಿ. ಇಂಡೋನೇಷ್ಯದಲ್ಲಿ ಸುಂಬಾವ ಎಂಬ ದ್ವೀಪ. ಅಲ್ಲಿ ತಂಬೋರಾ ಎಂಬ ಬೆಂಕಿಯ ಬೆಟ್ಟ. 1815ರ ಏಪ್ರಿಲ್ 10ರಂದು ಅದು ಒಡೆಯಿತು. ಸಿಡಿದ ಬೂದಿ, ಗಂಧಕದ ಹೊಗೆ ಮೇಲೆ ಹೋಗಿ ಭೂಮಿಗೆಲ್ಲಾ ತೆಳ್ಳಗಿನ ಮುಸುಕು ಹಾಕಿದ ಹಾಗಾಯಿತು. ಸೂರ್ಯನ ಕಾವು ಕಮ್ಮಿ ಬಿತ್ತು. ಮರುವರ್ಷ, 1816ರಲ್ಲಿ, ಅಮೆರಿಕದ ಈಶಾನ್ಯ ಭಾಗದಲ್ಲಿ ಜೂನ್ ತಿಂಗಳಲ್ಲಿ ಹಿಮ ಬಿತ್ತು! ಅಲ್ಲಿ ಜೂನ್ ಎಂದರೆ ಬೇಸಿಗೆ. ಯುರೋಪಿನಲ್ಲಿ ಬಿಡದೆ ಮಳೆ ಸುರಿದು ಪೈರು ಕೊಳೆಯಿತು. ಆ ವರ್ಷಕ್ಕೆ "ಬೇಸಿಗೆಯಿಲ್ಲದ ವರ್ಷ" ಎಂದೇ ಹೆಸರು. ಇಂಗ್ಲೆಂಡಿನ ಹಳ್ಳಿಗಳಲ್ಲಿ ಕೂಲಿಗಳು ಬ್ರೆಡ್ಡಿಗಾಗಿ ದಂಗೆ ಎದ್ದರು. ಹಿಡಿದು ಗಲ್ಲಿಗೆ ಹಾಕಿದರು. ಹಸಿದು ಗಲ್ಲಿಗೇರಿದ ಆ ಕೂಲಿಗೆ ತಾನು ಕೇಳರಿಯದ ಒಂದು ದ್ವೀಪದ ಬೆಟ್ಟಕ್ಕೂ ತನ್ನ ಅನ್ನಕ್ಕೂ ಸಂಬಂಧ ಉಂಟೆಂಬುದು ಗೊತ್ತಿರಲಿಲ್ಲ. ಆಗ ಯಾರಿಗೂ ಗೊತ್ತಿರಲಿಲ್ಲ. ಅದು ವಿಜ್ಞಾನಿಗಳಿಗೆ ಸ್ಪಷ್ಟವಾದದ್ದು ಬಹಳ ಕಾಲದ ಮೇಲೆ. ಲೋಕವಾರ್ತೆಯನ್ನು ಯಾಕೆ ಓದಬೇಕು ಎಂದರೆ ಇದಕ್ಕೇ. ಪರದೇಶದ ಬೆಟ್ಟ, ಪರದೇಶದ ಕಡಲು ನಮ್ಮ ತಟ್ಟೆಗೆ ಕೈ ಹಾಕುತ್ತವೆ.

ಕಡಲಿನ ಮಾತು ಬಂತು. ದಕ್ಷಿಣ ಅಮೆರಿಕದಲ್ಲಿ ಪೆರು ಎಂಬ ದೇಶ. ಅದರ ಕರಾವಳಿಯ ಬೆಸ್ತರು ನಮ್ಮ ಮಲ್ಪೆ, ಕಾರವಾರದವರಂತೆಯೇ ನೀರು ನೋಡಿ ಬಾಳುವವರು. ಅಲ್ಲಿನ ಕಡಲ ನೀರು ತಣ್ಣಗೆ, ಮೀನು ಸಮೃದ್ಧಿ. ಆದರೆ ಕೆಲವು ವರ್ಷ ಕ್ರಿಸ್‌ಮಸ್ ಹಬ್ಬದ ಸುಮಾರಿಗೆ ನೀರು ಬೆಚ್ಚಗಾಗಿ ಮೀನು ಮಾಯವಾಗುವುದನ್ನು ಅವರು ಕಂಡರು. ಹಬ್ಬದ ಕಾಲಕ್ಕೆ ಬರುವುದರಿಂದ ಅದಕ್ಕೆ "ಎಲ್ ನಿನೊ", ಅಂದರೆ ಬಾಲಯೇಸು, ಎಂದು ಹೆಸರಿಟ್ಟರು. ಇಂದು ಜಗತ್ತಿನ ದೊಡ್ಡ ದೊಡ್ಡ ಹವಾಮಾನ ಕಚೇರಿಗಳೆಲ್ಲಾ ಬಳಸುವ ಹೆಸರು ಅದೇ. ಬಲೆ ಬೀಸುವವನು ಇಟ್ಟ ಹೆಸರನ್ನು ವಿಜ್ಞಾನಿ ಒಪ್ಪಿಕೊಂಡ.

ಆ ಕಡಲು ಬೆಚ್ಚಗಾದ ವರ್ಷ ನಮ್ಮ ಮುಂಗಾರು ಸೊರಗುವ ಸಂಭವ ಹೆಚ್ಚು. ಪ್ರತಿ ಸಲವೂ ಹಾಗೆಯೇ ಆಗಬೇಕೆಂದಿಲ್ಲ; 1997ರಲ್ಲಿ ಎಲ್ ನಿನೊ ಬಹಳ ಬಲವಾಗಿದ್ದರೂ ನಮ್ಮ ದೇಶಕ್ಕೆ ಮಳೆ ಸರಿಯಾಗಿಯೇ ಬಂತು. ಆದರೆ 1876ರಲ್ಲಿ ಹಾಗಾಗಲಿಲ್ಲ. ಮುಂಗಾರು ಕೈಕೊಟ್ಟಿತು, ಮರುವರ್ಷವೂ ಸರಿಯಾಗಿ ಬರಲಿಲ್ಲ. ಧಾತು ಸಂವತ್ಸರ, ಈಶ್ವರ ಸಂವತ್ಸರ ಎಂದು ನಮ್ಮ ಹಿರಿಯರು ನಡುಗುತ್ತಾ ಹೇಳುತ್ತಿದ್ದ ಬರ ಅದೇ. ಧಾರವಾಡ, ಬೆಳಗಾವಿ, ಕಲಾದಗಿ, ಬಳ್ಳಾರಿ, ಮೈಸೂರು ಸೀಮೆ, ಎಲ್ಲೆಲ್ಲೂ ಹಾಹಾಕಾರ. ಮೈಸೂರು ಸಂಸ್ಥಾನದಲ್ಲಿ 1871ರ ಜನಗಣತಿಯಲ್ಲಿ ಸುಮಾರು 50 ಲಕ್ಷ ಜನ. 1881ರಲ್ಲಿ ಸುಮಾರು 42 ಲಕ್ಷ. ಬೆಳೆಯಬೇಕಾದ ಸಂಖ್ಯೆ ಎಂಟು ಲಕ್ಷ ಇಳಿಯಿತೆಂದರೆ ನೀವೇ ಲೆಕ್ಕ ಹಾಕಿ.

ಆ ಸಮಯದಲ್ಲಿ ಸರಕಾರ ಏನು ಮಾಡುತ್ತಿತ್ತು? 1877ರ ಜನವರಿ 1ರಂದು ದಿಲ್ಲಿಯಲ್ಲಿ ವೈಸರಾಯ್ ಲಿಟ್ಟನ್ ದೊಡ್ಡ ದರ್ಬಾರು ನಡೆಸಿ, ವಿಕ್ಟೋರಿಯಾ ರಾಣಿಯನ್ನು ಹಿಂದುಸ್ತಾನದ ಚಕ್ರವರ್ತಿನಿ ಎಂದು ಸಾರಿದ. ಇತ್ತ ದಕ್ಷಿಣದಲ್ಲಿ ಹೆಣ ಎತ್ತುವವರಿರಲಿಲ್ಲ. ಧಾನ್ಯ ಬಂದರುಗಳಿಂದ ಹಡಗೇರಿ ಹೊರದೇಶಕ್ಕೆ ಹೋಗುತ್ತಲೇ ಇತ್ತು. ಬರಗಾಲದ ಕೆಲಸಗಳಲ್ಲಿ ಕಲ್ಲು ಒಡೆದು ಮಣ್ಣು ಹೊರುತ್ತಿದ್ದ ಕೂಲಿಗಳ ಖರ್ಚು ಹೆಚ್ಚಾಯಿತೆಂದು ಸರ್ ರಿಚರ್ಡ್ ಟೆಂಪಲ್ ಎಂಬ ಅಧಿಕಾರಿಯನ್ನು ಕಳಿಸಿದರು. ಅವನು ಕೂಲಿ ಇಳಿಸಿದ. ಗಂಡಾಳಿಗೆ ದಿನಕ್ಕೆ ಒಂದು ಪೌಂಡು ಧಾನ್ಯದ ಬೆಲೆ, ಮೇಲೆ ಒಂದು ಆಣೆ. ಒಂದು ಪೌಂಡೆಂದರೆ ಅರ್ಧ ಕಿಲೋಕ್ಕೂ ಕಡಿಮೆ. ಅಷ್ಟು ತಿಂದು ಬಿಸಿಲಲ್ಲಿ ಕಲ್ಲು ಒಡೆಯಬೇಕು!

ಈಗ ಕೇಳಿ, ಬಂಧುಗಳೇ. ಮುಂಬಯಿ ಪ್ರಾಂತದಲ್ಲಿ ಆ ಹಸಿದ ಕೂಲಿಗಳು ಈ ಹೊಸ ಕೂಲಿ ನಮಗೆ ಬೇಡವೆಂದು ಸಾವಿರ ಸಾವಿರ ಮಂದಿ ಗುದ್ದಲಿ ಕೆಳಗಿಟ್ಟು ನಡೆದರು. ಯೂನಿಯನ್ ಎಂಬ ಶಬ್ದವೇ ನಮ್ಮ ದೇಶದಲ್ಲಿ ಹುಟ್ಟಿರಲಿಲ್ಲ. ಪುಣೆಯ ಸಾರ್ವಜನಿಕ ಸಭೆಯವರು ಅವರ ಪರವಾಗಿ ಅರ್ಜಿ ಬರೆದರು, ಹಳ್ಳಿ ಹಳ್ಳಿಯ ವರದಿ ತರಿಸಿ ಅಚ್ಚು ಹಾಕಿಸಿದರು. ಮದರಾಸಿನಲ್ಲಿ ಆರೋಗ್ಯ ಇಲಾಖೆಯ ಡಾಕ್ಟರ್ ಕಾರ್ನಿಷ್ ಎಂಬವರು, ಇಂಗ್ಲಿಷರಾದರೂ, ದುಡಿಯುವ ದೇಹಕ್ಕೆ ಇಷ್ಟು ಅನ್ನ ಸಾಲದೆಂದು ಲೆಕ್ಕ ಮುಂದಿಟ್ಟು ವಾದಿಸಿದರು. ಕೆಲವೇ ತಿಂಗಳಲ್ಲಿ ಮದರಾಸು ಸರಕಾರ ಆ ಕೂಲಿಯನ್ನು ಕೈಬಿಡಬೇಕಾಯಿತು. ಕೂಲಿಗಳ ಗಟ್ಟಿತನ ಒಂದು ಕಡೆ, ಕಾಗದದ ಮೇಲಿನ ಲೆಕ್ಕ ಇನ್ನೊಂದು ಕಡೆ. ಎರಡೂ ಬೇಕಾದವು.

ಈ ಬರದ ನಂತರವೇ ಸರಕಾರ ಬರಗಾಲದ ಆಯೋಗ ನೇಮಿಸಿತು, ಬರ ನಿಯಮಗಳು ಬಂದವು. 1875ರಲ್ಲಿ ಹುಟ್ಟಿದ್ದ ಹವಾಮಾನ ಇಲಾಖೆಗೆ ಮುಂಗಾರನ್ನು ಮುಂಚಿತವಾಗಿ ಹೇಳುವ ಕೆಲಸ ಬಿತ್ತು. ಆ ಇಲಾಖೆಗೆ 2025ರಲ್ಲಿ 150 ವರ್ಷ ತುಂಬಿತು. ಅದರ ಮುಖ್ಯಸ್ಥರಾಗಿದ್ದ ಗಿಲ್ಬರ್ಟ್ ವಾಕರ್ ಎಂಬ ಗಣಿತಜ್ಞರು ಲೋಕದ ನಾನಾ ಊರುಗಳ ಲೆಕ್ಕ ಕೂಡಿಸಿ, ಶಾಂತ ಮಹಾಸಾಗರದ ಗಾಳಿಯ ಒತ್ತಡಕ್ಕೂ ನಮ್ಮ ಮಳೆಗೂ ನಂಟಿದೆಯೆಂದು ತೋರಿಸಿದರು. ಬೆಸ್ತರ ಬೆಚ್ಚನೆಯ ನೀರೂ ವಾಕರರ ಲೆಕ್ಕವೂ ಒಂದೇ ಸಂಗತಿಯ ಎರಡು ಮುಖವೆಂದು ಆಮೇಲೆ ತಿಳಿದುಬಂತು. ಸ್ವತಂತ್ರ ಬಂದ ಮೇಲೆ ಮಹಾರಾಷ್ಟ್ರಕ್ಕೆ 1972ರಲ್ಲಿ ಘೋರ ಬರ ಬಂತು. ಆ ಬರದ ಹೊಟ್ಟೆಯಲ್ಲೇ ಉದ್ಯೋಗ ಭರವಸೆ ಯೋಜನೆ ಹುಟ್ಟಿತು. 1977ರಲ್ಲಿ ಅದಕ್ಕೆ ಕಾಯಿದೆಯಾಯಿತು. 2005ರಲ್ಲಿ ಅದೇ ವಿಚಾರ ದೇಶಕ್ಕೆಲ್ಲಾ ಕಾಯಿದೆಯಾಗಿ ಬಂತು. ಕೆಟ್ಟ ಹವೆಯ ನಂತರ ಒಳ್ಳೆಯ ಕಾಯಿದೆ ಬರುವುದುಂಟು. ತನ್ನಿಂದ ತಾನೇ ಬರುವುದಿಲ್ಲ.

ಗಿರಣಿಯಲ್ಲಿ ದುಡಿದ ಹಿರಿಯರಿಗೆ ಚಿಮಣಿಯ ಹೊಗೆ ಗೊತ್ತು. ಅವರಿಗಾಗಿ ಲಂಡನಿನ ಒಂದು ಮಾತು. 1952ರ ಡಿಸೆಂಬರ್ 5ರಿಂದ 9ರವರೆಗೆ ಆ ನಗರದ ಮೇಲೆ ಗಾಳಿ ಅಲ್ಲಾಡದೆ ನಿಂತಿತು. ಕೆಳಗೆ ತಣ್ಣನೆಯ ಗಾಳಿ, ಮೇಲೆ ಬೆಚ್ಚನೆಯ ಗಾಳಿ. ಹಂಡೆಗೆ ಮುಚ್ಚಳ ಹಾಕಿದ ಹಾಗೆ. ಮನೆಮನೆಯ ಕಲ್ಲಿದ್ದಲ ಒಲೆ, ಕಾರ್ಖಾನೆಗಳ ಚಿಮಣಿ ಉಗುಳಿದ ಹೊಗೆಯೆಲ್ಲಾ ಆ ಮುಚ್ಚಳದ ಕೆಳಗೇ ಉಳಿಯಿತು. ಹಗಲಿನಲ್ಲೇ ಬಸ್ಸಿನ ಮುಂದೆ ದೀಪ ಹಿಡಿದು ನಡೆಯಬೇಕಾಯಿತು. ಸುಮಾರು 4,000 ಜನ ಸತ್ತರೆಂದು ಮೊದಲ ಲೆಕ್ಕ; ಈಚಿನವರು ಅದು 12,000ದವರೆಗೂ ಇರಬಹುದೆನ್ನುತ್ತಾರೆ. ಮುಪ್ಪಿನವರು, ಎಳೆಯರು, ಎದೆಯ ರೋಗದವರು. ಒಬ್ಬೊಬ್ಬರು ಒಂದೊಂದು ಮನೆಯಲ್ಲಿ ಸತ್ತದ್ದರಿಂದ ಮೊದಲು ಯಾರಿಗೂ ದೊಡ್ಡದಾಗಿ ಕಾಣಲಿಲ್ಲ. ಸತ್ತವರ ಪಟ್ಟಿ ಕೂಡಿಸಿ ನೋಡಿದಾಗ ದೇಶ ಬೆಚ್ಚಿತು. 1956ರಲ್ಲಿ ಶುದ್ಧ ಗಾಳಿಯ ಕಾಯಿದೆ ಬಂತು. ಇಲ್ಲಿಯೂ ಅದೇ: ಲೆಕ್ಕ ಸಿಕ್ಕಿದ ಮೇಲೆ ಬಾಯಿ ಬಂತು, ಬಾಯಿ ಬಂದ ಮೇಲೆ ಕಾಯಿದೆ.

ಈಗ ನಮ್ಮ ಮುಂಬಯಿಗೆ ಬರೋಣ. ಈ ನಗರಕ್ಕೂ ವಿಚಿತ್ರ ಹವೆಯ ತಾರೀಖುಗಳುಂಟು. 1962ರ ಜನವರಿ 22ರಂದು ಸಾಂತಾಕ್ರೂಜಿನಲ್ಲಿ ಉಷ್ಣತೆ 7.4 ಡಿಗ್ರಿಗೆ ಇಳಿದಿತ್ತು. ಫುಟ್‌ಪಾತಿನಲ್ಲಿ ಮಲಗುವವನಿಗೆ ಆ ರಾತ್ರಿ ಹೇಗಿದ್ದೀತು! 1974ರ ಜುಲೈ 5ರಂದು ಕೊಲಾಬಾದಲ್ಲಿ ಒಂದೇ ದಿನಕ್ಕೆ 575 ಮಿಲ್ಲಿಮೀಟರ್ ಮಳೆ. 2025ರಲ್ಲಿ ಜೂನ್ 11ರ ಹೊತ್ತಿಗೆ ಬರಬೇಕಾದ ಮುಂಗಾರು ಮೇ 26ಕ್ಕೇ ಬಂದು, ಹೊಸ ಭೂಗತ ರೈಲಿನ ನಿಲ್ದಾಣಕ್ಕೂ ನೀರು ನುಗ್ಗಿತು.

ಇವೆಲ್ಲಕ್ಕಿಂತ ದೊಡ್ಡದು 2005ರ ಜುಲೈ 26. ಆ ದಿನ ಸಾಂತಾಕ್ರೂಜಿನಲ್ಲಿ 24 ಗಂಟೆಯಲ್ಲಿ 944 ಮಿಲ್ಲಿಮೀಟರ್ ಮಳೆ ಬಿತ್ತು. ಬಯಲಿನಲ್ಲಿ ನೆಟ್ಟಗಿನ ಡ್ರಮ್ಮು ಇಟ್ಟಿದ್ದರೆ ಮೂರಡಿಗೂ ಮೇಲೆ ನೀರು ನಿಲ್ಲುತ್ತಿತ್ತು. ಮೀಠಿ ನದಿ ದಡ ಮೀರಿತು. ರೈಲು ನಿಂತವು. ಲಕ್ಷಗಟ್ಟಲೆ ಜನ ಹಳಿ ಹಿಡಿದು, ಎದೆಮಟ್ಟದ ನೀರಿನಲ್ಲಿ ಕೈ ಕೈ ಹಿಡಿದು ಮನೆಗೆ ನಡೆದರು. ಸಾಕಿನಾಕಾದಲ್ಲಿ ಗುಡ್ಡ ಕುಸಿದು ಜೋಪಡಿಗಳ ಮೇಲೆ ಬಿತ್ತು. ನಗರದಲ್ಲಿ 400ಕ್ಕೂ ಹೆಚ್ಚು ಮಂದಿ ಸತ್ತರು. ನೀರು ಇಳಿದ ಮೇಲೆ ಇಲಿಜ್ವರ ಹಬ್ಬಿ ಇನ್ನಷ್ಟು ಮಂದಿ ಹೋದರು. ಅದೇ ವರ್ಷ ಆಗಸ್ಟ್ 29ರಂದು ಅಮೆರಿಕದ ನ್ಯೂ ಆರ್ಲಿಯನ್ಸ್ ನಗರವನ್ನು ಕತ್ರಿನಾ ಎಂಬ ಚಂಡಮಾರುತ ಮುಳುಗಿಸಿತು. ಅದು ಸಿರಿವಂತ ದೇಶ. ಅಲ್ಲಿಯೂ ಮನೆಯ ಮಾಡಿನ ಮೇಲೆ ಕೂತು ಕೈಬೀಸಿದವರು ಕಾರಿಲ್ಲದ ಬಡವರೇ.

ಆ ಜುಲೈ 26ರ ಇನ್ನೊಂದು ಅಂಕೆ ನಿಮಗೆ ಹೇಳಬೇಕು. ಸಾಂತಾಕ್ರೂಜಿನಲ್ಲಿ 944 ಬಿದ್ದ ದಿನ ಇದೇ ನಗರದ ಕೊಲಾಬಾದಲ್ಲಿ ಬಿದ್ದದ್ದು ಸುಮಾರು 73 ಮಿಲ್ಲಿಮೀಟರ್. ಒಂದೇ ನಗರ, ಒಂದೇ ದಿನ. ಕೊಲಾಬಾದ ಅಳತೆಯನ್ನು ಮಾತ್ರ ನೋಡಿದವನು "ಸಾಧಾರಣ ಮಳೆ" ಎಂದು ಮಲಗಬಹುದಿತ್ತು. ಅಳತೆಯ ಪಾತ್ರೆ ಎಲ್ಲಿದೆಯೋ ಅಲ್ಲಿಯ ಸತ್ಯ ಮಾತ್ರ ಪತ್ರಿಕೆಗೆ ಬರುತ್ತದೆ.

ಹಾಗಾದರೆ ಕೇಳುತ್ತೇವೆ: ನಮ್ಮ ಭಟ್ಟಿಯ ಮುಂದೆ ಅಳತೆ ಮಾಡುವವರು ಯಾರು? ಮುಂಬಯಿಯ ಅತಿ ಹೆಚ್ಚಿನ ಬಿಸಿಲು 1952ರ ಏಪ್ರಿಲ್ 14ರಂದು ದಾಖಲಾದದ್ದು, 42.2 ಡಿಗ್ರಿ ಎಂದು ಸರಕಾರದ ಪುಸ್ತಕದಲ್ಲಿದೆ. ಅದು ಗಾಳಿಯಾಡುವ ಬಯಲಿನಲ್ಲಿ, ನೆರಳಿನ ಪೆಟ್ಟಿಗೆಯೊಳಗಿನ ಲೆಕ್ಕ. ದೋಸೆಯ ಕಾವಲಿಯ ಮುಂದೆ, ಎಣ್ಣೆಯ ಬಾಣಲೆಯ ಪಕ್ಕ, ಕಿಟಕಿಯಿಲ್ಲದ ಅಡಿಗೆಮನೆಯಲ್ಲಿ ಏಪ್ರಿಲ್ ತಿಂಗಳ ಮಧ್ಯಾಹ್ನ ಎಷ್ಟು ಡಿಗ್ರಿ? ಯಾವ ಪುಸ್ತಕದಲ್ಲೂ ಇಲ್ಲ.

ನಾವು ದುಡಿದ ಒಂದು ಹೋಟೆಲಿನಲ್ಲಿ, ಹೆಸರು ಬೇಡ, ಬೇಸಿಗೆಯ ಒಂದು ಮಧ್ಯಾಹ್ನ ಭಟ್ಟಿಯ ಮುಂದಿನ ಭಟ್ಟರು ಜೋಲಿ ಹೊಡೆದು ಕುಸಿದರು. ಮೈ ಕೆಂಡದಂತೆ, ಮಾತು ತೊದಲು. ಮೋರಿಯ ಹತ್ತಿರ ಎಳೆದುಕೊಂಡು ಹೋಗಿ ತಲೆಗೆ ನೀರು ಸುರಿದೆವು. ಜೀವ ಉಳಿಯಿತು. ತಿಂಗಳ ಕೊನೆಗೆ ಪಗಾರದಲ್ಲಿ ಅರ್ಧ ದಿನದ ಖಾಡಾ ಹಿಡಿದಿದ್ದರು. ಕೇಳಲು ಹೋದರೆ, "ಅವತ್ತೇನಾದರೂ ವಿಶೇಷ ಬಿಸಿಲಿತ್ತೇ? ಎಲ್ಲರಿಗೂ ಇದ್ದದ್ದೇ ಅಲ್ಲವೇ?" ಎಂದರು. ನಮ್ಮ ಬಳಿ ಉತ್ತರ ಇರಲಿಲ್ಲ. ತೋರಿಸಲು ಒಂದು ಚೀಟಿಯೂ ಇರಲಿಲ್ಲ. ಮಳೆಗಾಲದಲ್ಲೂ ಇದೇ ಪಾಡು. ರೈಲು ನಿಂತು ಬರಲಾಗದವನಿಗೆ ಕಡಿತ; ನೀರಿನಲ್ಲಿ ಈಜಿದಂತೆ ಬಂದು ಇಬ್ಬರ ಕೆಲಸ ಮಾಡಿದವನಿಗೆ ಹೆಚ್ಚಿಗೆ ಒಂದು ಕಾಸಿಲ್ಲ.

ಸಣ್ಣ ಧನಿಗಳ ಕಷ್ಟವೂ ನಮಗೆ ಗೊತ್ತು. ನೀರು ನುಗ್ಗಿದರೆ ಅವರ ಅಕ್ಕಿ ಮೂಟೆಯೂ ಹಾಳಾಗುತ್ತದೆ. ಆದರೆ ಅಕ್ಕಿಮೂಟೆಗೆ ವಿಮೆ ಮಾಡಿಸಬಹುದು. ಭಟ್ಟಿಯವನ ದೇಹಕ್ಕೆ ಲೆಕ್ಕವೇ ಇಲ್ಲವೆಂದರೆ ಹೇಗೆ? 1948ರ ಕಾರ್ಖಾನೆ ಕಾಯಿದೆಯಲ್ಲಿ, ಬೇಸಿಗೆಯಲ್ಲಿ ಕುಡಿಯುವ ನೀರನ್ನು ತಣ್ಣಗೆ ಮಾಡಿ ಕೊಡಬೇಕೆಂಬ ನಿಯಮ ಇತ್ತು, 250ಕ್ಕಿಂತ ಹೆಚ್ಚು ಕೆಲಸಗಾರರಿರುವ ಕಡೆಗೆ. ದೊಡ್ಡ ಗಿರಣಿಗೆ ಅದು ತಾಗುತ್ತಿತ್ತು. ಹತ್ತು ಜನರ ಅಡಿಗೆಮನೆಗೆ ಎಲ್ಲಿಂದ ತಾಗಬೇಕು? 2025ರ ನವೆಂಬರ್ 21ರಿಂದ ಹಳೆಯ ಕಾಯಿದೆಗಳ ಜಾಗದಲ್ಲಿ ಹೊಸ ಕಾರ್ಮಿಕ ಸಂಹಿತೆಗಳು ಬಂದಿವೆ. ಅವುಗಳಲ್ಲಿ ನಮಗೆ ಏನು ತಾಗುತ್ತದೆ, ಏನು ತಾಗುವುದಿಲ್ಲ ಎಂಬುದನ್ನು ವಕೀಲರನ್ನು ಕರೆಸಿ ಈ ವಾಚನಾಲಯದಲ್ಲೇ ಓದಿಸಿಕೊಳ್ಳಬೇಕು.

ಇನ್ನು ಮೂರನೆಯ ಮೂಲೆ, ತಾರೀಖು. ಈಗ ಹೇಳಿದ ಏಪ್ರಿಲ್ 14ನ್ನೇ ನೋಡಿ. 1891ರ ಆ ದಿನ ಬಾಬಾಸಾಹೇಬ ಅಂಬೇಡ್ಕರರು ಹುಟ್ಟಿದರು. ಅವರು ಸಂವಿಧಾನ ಬರೆದದ್ದು ಎಲ್ಲರಿಗೂ ಗೊತ್ತು. 1942ರಿಂದ 1946ರವರೆಗೆ ವೈಸರಾಯರ ಮಂಡಲಿಯಲ್ಲಿ ಕಾರ್ಮಿಕ ಖಾತೆ ಅವರ ಕೈಯಲ್ಲಿತ್ತು, ವರ್ಷವಿಡೀ ನಡೆಯುವ ಕಾರ್ಖಾನೆಗಳಲ್ಲಿ ವಾರಕ್ಕೆ 54 ಗಂಟೆ ಇದ್ದ ಕೆಲಸ 1946ರ ತಿದ್ದುಪಡಿಯಲ್ಲಿ 48ಕ್ಕೆ ಇಳಿಯಿತು ಎಂಬುದು ಎಷ್ಟು ಜನರಿಗೆ ಗೊತ್ತು? 1944ರ ಅದೇ ಏಪ್ರಿಲ್ 14ರಂದು ಮುಂಬಯಿಯ ಗೋದಿಯಲ್ಲಿ ಹತ್ತಿ ಮತ್ತು ಮದ್ದುಗುಂಡು ತುಂಬಿದ ಹಡಗು ಸಿಡಿದು, ಬೆಂಕಿ ಆರಿಸಲು ಹೋದ 66 ಅಗ್ನಿಶಾಮಕ ನೌಕರರು ಸತ್ತರು. ಅದರ ನೆನಪಿಗೇ ದೇಶದಲ್ಲಿ ಏಪ್ರಿಲ್ 14 ಅಗ್ನಿಶಾಮಕರ ದಿನ. ಒಂದೇ ತಾರೀಖು, ಒಂದು ಹುಟ್ಟು, ಒಂದು ಬೆಂಕಿ, ಒಂದು ಬಿಸಿಲು. ಮೂರೂ ದುಡಿಯುವವನಿಗೆ ಸೇರಿದ್ದು.

ಮೇ ದಿನದ ಹಿಂದೆಯೂ ಒಂದು ಮಳೆಯ ಮೋಡ ಉಂಟು. 1886ರ ಮೇ 4ರ ರಾತ್ರಿ, ಎಂಟು ಗಂಟೆಯ ಕೆಲಸ ಕೇಳುತ್ತಿದ್ದ ಚಿಕಾಗೋದ ಕೆಲಸಗಾರರು ಹೇಮಾರ್ಕೆಟ್ ಚೌಕದಲ್ಲಿ ಸೇರಿದ್ದರು. ಹಿಂದಿನ ದಿನ ಪೋಲೀಸರ ಗುಂಡಿಗೆ ಕೆಲಸಗಾರರು ಬಲಿಯಾದದ್ದನ್ನು ಖಂಡಿಸುವ ಸಭೆ ಅದು. ಮೋಡ ಕವಿದು ಮಳೆ ಬರುವ ಹಾಗಾಯಿತು, ಜನ ಚದುರತೊಡಗಿದರು. ನಗರದ ಮೇಯರರೇ ಬಂದು ನೋಡಿ, ಸಭೆ ಶಾಂತವಾಗಿದೆಯೆಂದು ಮನೆಗೆ ಹೋಗಿದ್ದರು. ಕೆಲವೇ ನೂರು ಮಂದಿ ಉಳಿದಾಗ ಪೋಲೀಸರು ಬಂದರು. ಯಾರೋ ಬಾಂಬು ಎಸೆದರು. ಎಸೆದವನು ಯಾರೆಂದು ಇಂದಿಗೂ ಪತ್ತೆಯಿಲ್ಲ. ಆದರೂ 1887ರ ನವೆಂಬರ್ 11ರಂದು ನಾಲ್ವರು ಮುಂದಾಳುಗಳನ್ನು ಗಲ್ಲಿಗೇರಿಸಿದರು. ಸೆರೆಯಲ್ಲಿ ಉಳಿದ ಮೂವರಿಗೆ 1893ರಲ್ಲಿ ರಾಜ್ಯದ ಗವರ್ನರರು ಕ್ಷಮೆ ಕೊಟ್ಟು, ವಿಚಾರಣೆ ನ್ಯಾಯವಾಗಿರಲಿಲ್ಲವೆಂದರು. ನಮ್ಮ ದೇಶದಲ್ಲಿ ಮೊದಲ ಮೇ ದಿನ ನಡೆದದ್ದು 1923ರಲ್ಲಿ ಮದರಾಸಿನಲ್ಲಿ, ಸಿಂಗಾರವೇಲು ಚೆಟ್ಟಿಯಾರರಿಂದ.

ನಮ್ಮ ಊರಿನದೇ ತಾರೀಖು ಬೇಕೆ? 1884ರಲ್ಲಿ ನಾರಾಯಣ ಮೇಘಾಜಿ ಲೋಖಂಡೆಯವರು ಮುಂಬಯಿಯಲ್ಲಿ ಗಿರಣಿ ಕೆಲಸಗಾರರ ಸಂಘ ಕಟ್ಟಿ, ಸಾವಿರಾರು ಸಹಿಯೊಂದಿಗೆ ವಾರಕ್ಕೊಂದು ರಜೆ ಕೇಳಿದರು. ಆರು ವರ್ಷ ಕೇಳುತ್ತಲೇ ಇದ್ದರು. 1890ರ ಜೂನ್ 10ರಂದು ಗಿರಣಿ ಮಾಲಿಕರು ಭಾನುವಾರದ ರಜೆಗೆ ಒಪ್ಪಿದರು. 1908ರ ಜುಲೈಯಲ್ಲಿ ಟಿಳಕರಿಗೆ ಆರು ವರ್ಷ ಸಜೆಯಾದಾಗ, ವರ್ಷಕ್ಕೊಂದು ದಿನದಂತೆ ಆರು ದಿನ ಇಲ್ಲಿನ ಗಿರಣಿಯವರು ಮುಷ್ಕರ ಹೂಡಿದರು. 1982ರ ಜನವರಿ 18ರಂದು ಸುರುವಾದ ಮುಷ್ಕರದಲ್ಲಿ ಎರಡೂವರೆ ಲಕ್ಷ ಕೆಲಸಗಾರರು ಹೊರಗೆ ನಿಂತರು. ಆ ಮನೆಗಳ ಕಣ್ಣೀರು ಇಲ್ಲಿ ಕೂತ ಕೆಲವು ಹಿರಿಯರಿಗೆ ಗೊತ್ತು. ಇಂದು ಆ ಗಿರಣಿಗಳ ಜಾಗದಲ್ಲಿ ಗಗನ ಮುಟ್ಟುವ ಮಹಡಿಗಳು. ಭೋಂಗಾ ನಿಂತಿದೆ. ತಾರೀಖನ್ನೂ ನಾವು ಬಿಟ್ಟರೆ ಅಲ್ಲಿ ಗಿರಣಿ ಇತ್ತೆಂಬುದಕ್ಕೆ ಸಾಕ್ಷಿ ಯಾರು? ಭಾನುವಾರ ಪಂಚಾಂಗದಲ್ಲಿ ಮೊದಲಿನಿಂದಲೂ ರಜೆಯೇ ಎಂದು ಹುಡುಗರು ತಿಳಿದಿದ್ದಾರೆ. ಹೀಗೆ ತಿಳಿದವನಿಂದ ಅದನ್ನು ಕಸಿದುಕೊಳ್ಳುವುದು ಬಹಳ ಸುಲಭ.

ಆದ್ದರಿಂದ ನಮ್ಮ ಸೂಚನೆ ಇಷ್ಟು. ಪ್ರತಿಯೊಂದು ಅಡಿಗೆಮನೆಗೆ, ಇನ್ನೂ ನಡೆಯುತ್ತಿರುವ ಪ್ರತಿಯೊಂದು ಮಗ್ಗದ ಶೆಡ್ಡಿಗೆ ಸಂಘದಿಂದ ಒಂದು ಥರ್ಮಾಮೀಟರು, ಒಂದು ನೋಟುಬುಕ್ಕು. ಗೋಡೆಗೆ ತೂಗುವ ಆ ಸಾಧನಕ್ಕೆ ಹೆಚ್ಚು ಖರ್ಚಾಗುವುದಿಲ್ಲ. ಮಧ್ಯಾಹ್ನ ಊಟದ ಗದ್ದಲದ ಹೊತ್ತಿಗೆ ಒಮ್ಮೆ, ಸಾಯಂಕಾಲ ಒಮ್ಮೆ ನೋಡಿ ಅಂಕೆ ಬರೆಯಿರಿ. ಕೆಳಗೆ ಮೂರು ಸಾಲು. ಇವತ್ತು ಯಾರಿಗೆ ತಲೆಸುತ್ತು ಬಂತು? ಮಳೆಯಿಂದ ಯಾರು ಬರಲಾಗಲಿಲ್ಲ? ಯಾರ ಪಗಾರ ಕಡಿತವಾಯಿತು? ಬರೆಯಲು ಬಾರದವನು ಹೇಳಲಿ, ರಾತ್ರಿಶಾಲೆಗೆ ಹೋಗುವ ಹುಡುಗ ಬರೆಯಲಿ. ತಿಂಗಳಿಗೊಮ್ಮೆ ಪುಸ್ತಕ ಇಲ್ಲಿಗೆ ಬರಲಿ. ಅದೇ ದಿನದ ಪತ್ರಿಕೆಯ ಅಂಕೆಯ ಪಕ್ಕಕ್ಕೆ ಅದನ್ನಿಟ್ಟು ನೋಡೋಣ.

"ಬರೆದರೆ ಬಿಸಿ ಇಳಿಯುತ್ತದೆಯೇ?" ಎಂದು ಯಾರಾದರೂ ಕೇಳಬಹುದು. ಬರೆದ ದಿನವೇ ಇಳಿಯುವುದಿಲ್ಲ. 2010ರ ಮೇ ತಿಂಗಳಲ್ಲಿ ಅಹಮದಾಬಾದಿನಲ್ಲಿ ಬಿಸಿಗಾಳಿ ಬೀಸಿತು. ಆಮೇಲೆ ಆ ತಿಂಗಳ ಸಾವಿನ ಲೆಕ್ಕವನ್ನು ಬೇರೆ ವರ್ಷಗಳ ಮೇ ತಿಂಗಳೊಂದಿಗೆ ಹೋಲಿಸಿದಾಗ 1,344 ಸಾವು ಹೆಚ್ಚಿಗೆ ಆದದ್ದು ಕಂಡುಬಂತು. 2013ರಲ್ಲಿ ಆ ನಗರಪಾಲಿಕೆ ಬಿಸಿಲಿನ ಯೋಜನೆ ಮಾಡಿತು: ಮುನ್ನೆಚ್ಚರಿಕೆ, ನೀರಿನ ವ್ಯವಸ್ಥೆ, ಆಸ್ಪತ್ರೆಗಳಿಗೆ ತರಬೇತಿ. ನಮ್ಮ ದೇಶದ ನಗರಗಳಲ್ಲಿ ಅದೇ ಮೊದಲನೆಯದು. ಆಮೇಲೆ ಎಷ್ಟೋ ನಗರಗಳು ಅದನ್ನು ಅನುಸರಿಸಿದವು. ಲೆಕ್ಕವಿಲ್ಲದಿದ್ದರೆ ಆ ಸತ್ತವರೆಲ್ಲಾ ಸುಮ್ಮನೆ "ಕಾಯಿಲೆಯಿಂದ" ಸತ್ತವರಾಗುತ್ತಿದ್ದರು.

ಪುಸ್ತಕ ತುಂಬುವವರೆಗೆ ಕಾಯಲಾಗದ ಸಂಗತಿಗಳೂ ಉಂಟು. ಬಿಸಿಗೆ ಕುಸಿದವನ ಮೈ ಸುಡುತ್ತಿದ್ದು, ಮಾತು ತಪ್ಪುತ್ತಿದ್ದರೆ ಅದು ಬರೀ ದಣಿವಲ್ಲ, ಪ್ರಾಣಕ್ಕೆ ಅಪಾಯ. ತಕ್ಷಣ ಗಾಳಿಯಿರುವ ಕಡೆಗೆ ಎತ್ತಿಕೊಂಡು ಹೋಗಿ, ಬಟ್ಟೆ ಸಡಿಲಿಸಿ, ಮೈಯೆಲ್ಲಾ ನೀರು ಸುರಿದು ಗಾಳಿ ಬೀಸಿ. ಕತ್ತು, ಕಂಕುಳು, ತೊಡೆಸಂದಿಗೆ ಮಂಜುಗಡ್ಡೆ ಇಡಿ. ಹೋಟೆಲಿನಲ್ಲಿ ಅದಕ್ಕೇನು ಕೊರತೆ? ಎಚ್ಚರ ತಪ್ಪಿದವನ ಬಾಯಿಗೆ ನೀರು ಹಾಕಬೇಡಿ. 108ಕ್ಕೆ ಫೋನು ಮಾಡಿ ಆಸ್ಪತ್ರೆಗೆ ಸೇರಿಸಿ. ಮಳೆಗಾಲದಲ್ಲಿ ಕಾಲಿಗೆ ಗಾಯವಿದ್ದು ನೆರೆನೀರಿನಲ್ಲಿ ನಡೆದವನು ಜ್ವರ ಬರಲಿ ಎಂದು ಕಾಯದೆ, ಮೂರು ದಿನದೊಳಗೆ ನಗರಪಾಲಿಕೆಯ ದವಾಖಾನೆಗೆ ಹೋಗಿ ಇಲಿಜ್ವರ ತಡೆಯುವ ಮಾತ್ರೆ ಕೇಳಲಿ.

ಆ ಪುಸ್ತಕ ಹಿಡಿದುಕೊಂಡು ನಾವು ಕೇಳಬೇಕಾದದ್ದು ಮೂರೇ ಮೂರು. ಅಡಿಗೆಮನೆಗೆ ಹೊಗೆ ಎಳೆಯುವ ಫ್ಯಾನು, ಕುಡಿಯಲು ತಣ್ಣನೆಯ ನೀರು. ಬಿಸಿ ಏರಿದ ದಿನ ಭಟ್ಟಿಯವನಿಗೆ ಗಂಟೆಗೊಮ್ಮೆ ಸರದಿಯ ಬಿಡುವು. ರೈಲು ನಿಂತ ಮಳೆಯ ದಿನಕ್ಕೆ ಖಾಡಾ ಇಲ್ಲ. ಇದರಲ್ಲಿ ಯಾವುದೂ ಧನಿಯ ಗಲ್ಲಾ ಬರಿದು ಮಾಡುವಂಥದ್ದಲ್ಲ. ಕುಸಿದು ಬೀಳದ ಭಟ್ಟರು ಅವರಿಗೂ ಲಾಭವೇ.

ಪೆರುವಿನ ಬೆಸ್ತರು ನೀರು ನೋಡಿ ಹೆಸರಿಟ್ಟರು. 1877ರ ಕೂಲಿಗಳು ಗುದ್ದಲಿ ಇಟ್ಟು ನಡೆದರು, ಪುಣೆಯವರು ಅವರ ಲೆಕ್ಕ ಬರೆದರು. ಲೋಖಂಡೆಯವರು ಆರು ವರ್ಷ ಕೇಳಿದರು. ನಾವು ಒಂದು ಬೇಸಿಗೆ, ಒಂದು ಮಳೆಗಾಲ ಅಂಕೆ ಬರೆಯಲಾರೆವೇ? ಮೊದಲ ಹತ್ತು ಪುಸ್ತಕ, ಹತ್ತು ಥರ್ಮಾಮೀಟರು ಈ ಮೇಜಿನ ಮೇಲಿವೆ. ಸಭೆ ಮುಗಿದ ಮೇಲೆ ಹೋಟೆಲಿಗೊಬ್ಬರಂತೆ ಬಂದು ಹೆಸರು ಬರೆಸಿ ತೆಗೆದುಕೊಂಡು ಹೋಗಬೇಕು. ಇವತ್ತಿನ ತಾರೀಖನ್ನು ಮೊದಲ ಪುಟದಲ್ಲಿ ಬರೆಯಿರಿ.